ಒರೆಗಲ್ಲಿಗೆ ಸಿಗದ ಖನಿಜ: ಬ್ರಹ್ಮಗಿರಿಯಿಂದ ಕುದಾಪುರದವರೆಗೆ

ಇಯರ್‌ಫೋನ್ ಹಾಕ್ಕೊಂಡು ಬಸ್ಸಲ್ಲೋ ಬೈಕ್ ಪಕ್ಕದಲ್ಲೋ ನಿಂತು ಕೇಳ್ತಿರೋರಿಗೆ ಮೊದಲು ಒಂದು ಪ್ರಶ್ನೆ. ಬೆಳಗ್ಗೆ ಎದ್ದಾಗಿಂದ ಇಲ್ಲಿವರೆಗೆ ನೀವು ಎಷ್ಟು ಕಲ್ಲು ಮುಟ್ಟಿದ್ದೀರಿ?

ಒಂದೂ ಇಲ್ಲ ಅಂದ್ರಾ? ಹಲ್ಲುಜ್ಜಿದ ಪೇಸ್ಟಿನಲ್ಲಿ ಸುಣ್ಣದ ಕಲ್ಲಿನ ಪುಡಿಯೋ ಸಿಲಿಕಾನೋ ಇರುತ್ತೆ. ಮುಖಕ್ಕೆ ಹಚ್ಚಿದ ಪೌಡರ್ ಟಾಲ್ಕ್ ಆಗಿದ್ರೆ ಅದು ಬಳಪದ ಕಲ್ಲಿನ ಬಂಧು. ಟೀ ಕುಡಿದ ಸ್ಟೀಲ್ ಲೋಟ ಕಬ್ಬಿಣದ ಅದಿರಿಂದ ಬಂತು, ಅದಕ್ಕೆ ಕ್ರೋಮಿಯಂ ಸೇರಿಸಿದ್ದಾರೆ. ಉಪ್ಪು ಖನಿಜ. ಗೋಡೆಯ ಸಿಮೆಂಟ್ ಸುಣ್ಣಕಲ್ಲು. ಕೈಯಲ್ಲಿರೋ ಫೋನಂತೂ ಬಿಡಿ, ಗಾಜಿಗೆ ಸಿಲಿಕಾ, ವೈರಿಗೆ ತಾಮ್ರ, ಬ್ಯಾಟರಿಗೆ ಲಿಥಿಯಂ. ಒಂದು ಪುಟ್ಟ ಗಣಿಯನ್ನೇ ಜೇಬಲ್ಲಿಟ್ಟುಕೊಂಡು ಓಡಾಡ್ತಿದ್ದೀವಿ.

ನಾನು ಬಿ.ಕಾಂ ಓದಿದವಳು. ಜಿಯಾಲಜಿ ನನ್ನ ಸಬ್ಜೆಕ್ಟ್ ಅಲ್ಲ. ಆದ್ರೆ ಕಾಮರ್ಸ್ ಓದಿದವರಿಗೆ ಒಂದು ಅಭ್ಯಾಸ ಇರುತ್ತೆ. ಯಾವುದಕ್ಕಾದ್ರೂ ಬೆಲೆ ಕಟ್ಟಿದ್ದಾರೆ ಅಂದ್ರೆ, ಕಟ್ಟಿದ್ದು ಯಾರು, ಏನು ನೋಡಿ ಕಟ್ಟಿದ್ರು ಅಂತ ಕೇಳ್ತೀವಿ. ಇವತ್ತಿನ ಕಥೆಗೂ ಅದೇ ಪ್ರಶ್ನೆ. ನೆಲದಲ್ಲಿ ಬಿದ್ದಿರೋ ಕಲ್ಲು ಏನು ಅಂತ ಗುರುತು ಹಿಡಿಯೋರು ಯಾರು? ಆ ಗುರುತಿಂದ ಯಾರಿಗೆ ಉಪಯೋಗ?

ಇದಕ್ಕೆ ನಾನು ಆರಿಸಿಕೊಂಡ ಜಾಗ ಕುದಾಪುರ. ಚಿತ್ರದುರ್ಗ ಜಿಲ್ಲೆ, ಚಳ್ಳಕೆರೆ ತಾಲ್ಲೂಕು, ನಾಯಕನಹಟ್ಟಿ ಕಡೆ. ಹೆಸರು ಕೇಳಿರ್ತೀರಿ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎರಡನೇ ಕ್ಯಾಂಪಸ್ ಇಲ್ಲಿದೆ, 1,500 ಎಕರೆ. ಸುತ್ತಮುತ್ತ ಡಿಆರ್‌ಡಿಒ, ಇಸ್ರೋ, ಭಾಭಾ ಅಣು ಸಂಶೋಧನಾ ಕೇಂದ್ರಗಳಿಗೂ ಜಾಗ ಕೊಟ್ಟಿದ್ದಾರೆ. ಪೇಪರಿನವರು ಇದನ್ನು ವಿಜ್ಞಾನ ನಗರಿ ಅಂತ ಬರೀತಾರೆ. ಅದಕ್ಕೂ ಮುಂಚೆ ಇದು ಅಮೃತಮಹಲ್ ಕಾವಲು. ಮೈಸೂರು ಅರಸರ ಕಾಲದಿಂದ ದನಗಳಿಗೆ ಮೀಸಲಿಟ್ಟ ಹುಲ್ಲುಗಾವಲು. ಸುತ್ತಲಿನ ಹಳ್ಳಿಗಳವರು ಕುರಿ, ದನ ಮೇಯಿಸ್ತಿದ್ದ ನೆಲ. ಆ ಜಮೀನು ಕೈಬಿಟ್ಟು ಹೋದಾಗ ತಕರಾರು ಹಸಿರು ನ್ಯಾಯಮಂಡಳಿಯವರೆಗೂ ಹೋಯಿತು.

ಹೊರಗಿಂದ ಬಂದವರ ಕಣ್ಣಿಗೆ ಈ ಕಡೆ ಕಾಣೋದು ಕಲ್ಲು, ಕುರುಚಲು, ಬಿಸಿಲು. ನಮ್ಮ ಪಹಣಿಯಲ್ಲೂ ಖರಾಬು ಅಂತ ಒಂದು ಕಲಂ ಇರುತ್ತೆ. ಬಂಡೆ, ಹಳ್ಳ, ಉಳುಮೆಗೆ ಬಾರದ ಜಾಗ ಎಲ್ಲ ಅದರೊಳಗೆ. ಲೆಕ್ಕದ ಭಾಷೆಯಲ್ಲಿ ಹೇಳಬೇಕಂದ್ರೆ ಕಂದಾಯ ಸೊನ್ನೆ. ಆದ್ರೆ ಈ ಸೀಮೆಯ ಜನ ಕಲ್ಲನ್ನು ಯಾವತ್ತೂ ಸೊನ್ನೆ ಅಂತ ನೋಡಿಲ್ಲ. ಪುರಾವೆ ಬೇಕಾ? ನಾವು ಮಾತಾಡೋ ಭಾಷೆಯಲ್ಲೇ ಇದೆ.

ಕನ್ನಡದಲ್ಲಿ ಕಲ್ಲುಗಳ ಹೆಸರು ಗಮನಿಸಿ. ಚಕಮಕಿ ಕಲ್ಲು: ಉಕ್ಕಿಗೆ ಹೊಡೆದರೆ ಕಿಡಿ ಬರುತ್ತೆ. ಸೂಜಿಗಲ್ಲು: ಸೂಜಿಯನ್ನು ಎಳೆಯುತ್ತೆ. ಬಳಪದ ಕಲ್ಲು: ಗೀಚಿದರೆ ಬರೆಯುತ್ತೆ, ಉಗುರಿಗೂ ಸವೆಯುತ್ತೆ. ಸುಣ್ಣಕಲ್ಲು: ಸುಟ್ಟರೆ ಸುಣ್ಣ ಆಗುತ್ತೆ. ಕಾಗೆಬಂಗಾರ: ಹೊಳೆಯುತ್ತೆ, ಬಂಗಾರ ಅಲ್ಲ, ಪದರ ಪದರವಾಗಿ ಬಿಡುತ್ತೆ. ಪುಸ್ತಕದ ಕನ್ನಡದಲ್ಲಿ ಅದೇ ಅಭ್ರಕ. ಇವು ಬರೀ ಹೆಸರುಗಳಲ್ಲ, ಒಂದೊಂದೂ ಒಂದು ಪರೀಕ್ಷೆ. ಈ ಕಲ್ಲನ್ನು ಹೇಗೆ ಗುರುತು ಹಿಡೀಬೇಕು ಅನ್ನೋ ಸೂಚನೆ ಹೆಸರಿನೊಳಗೇ ಕೂತಿದೆ.

ಜಿಯಾಲಜಿ ಪುಸ್ತಕದಲ್ಲೂ ಇದೇ ಇರೋದು. ಬಣ್ಣ, ಹೊಳಪು, ಗಡಸುತನ, ಒಡೆಯುವ ರೀತಿ, ತೂಕ, ಆಮ್ಲ ಹಾಕಿದರೆ ನೊರೆ ಬರುತ್ತಾ ಇಲ್ವಾ, ಇಷ್ಟು. ಫ್ರೆಡ್ರಿಕ್ ಮೋಸ್ ಅನ್ನೋ ಜರ್ಮನ್ ಖನಿಜ ತಜ್ಞ 1812ರಲ್ಲಿ ಗಡಸುತನಕ್ಕೆ 1ರಿಂದ 10ರ ಏಣಿ ಮಾಡಿದ. ಯಾವುದು ಯಾವುದನ್ನು ಗೀರುತ್ತೆ ಅನ್ನೋದಷ್ಟೇ ಲೆಕ್ಕ. 1ಕ್ಕೆ ಟಾಲ್ಕ್, 2ಕ್ಕೆ ಜಿಪ್ಸಂ, 7ಕ್ಕೆ ಬೆಣಚುಕಲ್ಲು, 10ಕ್ಕೆ ವಜ್ರ. 9ನೇ ಮೆಟ್ಟಿಲಲ್ಲಿರೋ ಕೊರಂಡಂ ಇದೆಯಲ್ಲ, ಆ ಹೆಸರೇ ನಮ್ಮ ದಕ್ಷಿಣದ ಭಾಷೆಗಳಿಂದ ಹೋಗಿದ್ದು. ನಮ್ಮಲ್ಲಿ ಅದು ಕುರುವಿಂದ. ಇನ್ನು ಕಲ್ಲನ್ನು ಒರಟು ಬಿಲ್ಲೆಯ ಮೇಲೆ ಉಜ್ಜಿ ಪುಡಿಯ ಬಣ್ಣ ನೋಡೋ ಪರೀಕ್ಷೆ ಇದೆ. ಚಿನಿವಾರರ ಅಂಗಡಿಯ ಒರೆಗಲ್ಲು ಮಾಡೋದೂ ಅದೇ ಕೆಲಸ. ಬಂಗಾರವನ್ನು ಉಜ್ಜಿ ಗೆರೆಯ ಬಣ್ಣ ನೋಡ್ತಾರೆ. ಒಬ್ಬ ಮನುಷ್ಯನ ಬಗ್ಗೆ ಮಾತಾಡುವಾಗಲೂ ಒರೆಗೆ ಹಚ್ಚಿ ನೋಡು ಅಂತೀವಿ, ಅಲ್ವಾ?

ಸರಿ, ಈ ಪರೀಕ್ಷೆ ಎಷ್ಟು ಹಳೇದು? ಕುದಾಪುರದಿಂದ ಉತ್ತರಕ್ಕೆ, ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿಗೆ ಹೋಗೋಣ. 1892ರಲ್ಲಿ ಬಿ.ಎಲ್. ರೈಸ್ ಈ ಬ್ರಹ್ಮಗಿರಿ, ಪಕ್ಕದ ಸಿದ್ದಾಪುರ ಮತ್ತು ಜಟಿಂಗ ರಾಮೇಶ್ವರದಲ್ಲಿ ಅಶೋಕನ ಶಾಸನಗಳನ್ನು ಪತ್ತೆ ಮಾಡಿದರು. ಆಮೇಲೆ ಮೈಸೂರಿನ ಎಂ.ಎಚ್. ಕೃಷ್ಣ ಇಲ್ಲಿ ಅಗೆದರು. 1947ರಲ್ಲಿ ಮಾರ್ಟಿಮರ್ ವೀಲರ್ ಮತ್ತೆ ಅಗೆದರು. ದೇಶಕ್ಕೆ ಸ್ವಾತಂತ್ರ್ಯ ಬಂದ ವರ್ಷವೇ, ಈ ಮೂಲೆಯಲ್ಲಿ ಒಂದು ಊರಿನ ಚರಿತ್ರೆ ಪದರ ಪದರವಾಗಿ ಮೇಲೆ ಬಂತು.

ಕೆಳಗಿನ ಪದರದಲ್ಲಿ ನಯ ಮಾಡಿದ ಕಲ್ಲುಕೊಡಲಿಗಳು. ನಡುವೆ ಕಬ್ಬಿಣ ಬಳಸ್ತಿದ್ದ, ದೊಡ್ಡ ಚಪ್ಪಡಿಗಳಿಂದ ಗೋರಿ ಕಟ್ಟುತ್ತಿದ್ದ ಜನ. ಮೇಲೆ ಶಾತವಾಹನರ ಕಾಲದ ಮಡಕೆಗಳು. ನನಗೆ ಇಲ್ಲಿ ಇಷ್ಟವಾಗೋದು ಏನಂದ್ರೆ, ಪ್ರತಿ ಕೆಲಸಕ್ಕೂ ಬೇರೆ ಬೇರೆ ಕಲ್ಲು. ಕೊಡಲಿಗೆ ಡಾಲರೈಟ್, ಅಂದ್ರೆ ನಮ್ಮ ಕರಿಕಲ್ಲು. ಕಣಗಳು ಒಂದಕ್ಕೊಂದು ಬಿಗಿಯಾಗಿ ಹೆಣೆದುಕೊಂಡಿರ್ತವೆ, ಹೊಡೆತ ತಡೆಯುತ್ತೆ. ಸಣ್ಣ ಚೂಪು ಅಲಗಿಗೆ ಜ್ಯಾಸ್ಪರ್, ಅಗೇಟ್ ಥರದ ಕಲ್ಲು. ಅದು ಗಾಜಿನ ಹಾಗೆ ಒಡೆದು ಬ್ಲೇಡಿನಂಥ ಅಂಚು ಕೊಡುತ್ತೆ. ಗೋರಿಗೆ ಗ್ರಾನೈಟ್ ಚಪ್ಪಡಿ. ಕರಿಕಲ್ಲಲ್ಲಿ ಬ್ಲೇಡ್ ಮಾಡೋಕಾಗಲ್ಲ, ಅಗೇಟಲ್ಲಿ ಮರ ಕಡಿಯೋ ಕೊಡಲಿ ಮಾಡೋಕಾಗಲ್ಲ. ನಾಲ್ಕು ಸಾವಿರ ವರ್ಷದ ಹಿಂದೆ ಯಾರೋ ಒಬ್ಬರು ಎರಡು ಕಲ್ಲನ್ನು ಕೈಯಲ್ಲಿ ತೂಗಿ, ಇದು ಬೇಡ ಅದು ಕೊಡು ಅಂದಿರಬೇಕು. ಅದೇ ಖನಿಜ ಶಾಸ್ತ್ರದ ಮೊದಲ ಪಾಠ.

ಪಕ್ಕದ ಬಳ್ಳಾರಿಯ ಸಂಗನಕಲ್ಲಿನಲ್ಲಂತೂ ಒಂದು ಗುಡ್ಡವೇ ಕಲ್ಲುಕೊಡಲಿಯ ಕಾರ್ಖಾನೆ ಆಗಿತ್ತು. ಅಲ್ಲಿನ ಕುಪ್ಪಗಲ್ಲಿನ ಬಂಡೆಗಳನ್ನು ತಟ್ಟಿದರೆ ಗಂಟೆಯ ಹಾಗೆ ಸದ್ದು ಬರುತ್ತೆ. ಇವತ್ತಿಗೂ ಕಲ್ಲುಕುಟಿಗರು ಸುತ್ತಿಗೆಯಿಂದ ತಟ್ಟಿ ಸದ್ದು ಕೇಳ್ತಾರೆ. ಕಣ್ ಅಂದ್ರೆ ಗಟ್ಟಿ, ಮೊದ್ದು ಸದ್ದು ಬಂದ್ರೆ ಒಳಗೆ ಬಿರುಕು. ಕಲ್ಲಿಗೂ ಆಡಿಯೋ ಟೆಸ್ಟ್ ಇದೆ ಅನ್ನೋದು ಪಾಡ್‌ಕಾಸ್ಟ್ ಮಾಡೋಳಿಗೆ ಖುಷಿ ಕೊಡೋ ವಿಷಯ.

ಬ್ರಹ್ಮಗಿರಿಯ ಶಾಸನವನ್ನೂ ಹೀಗೇ ಓದಬಹುದು. ಸುವರ್ಣಗಿರಿ ಅನ್ನೋ ಜಾಗದಿಂದ ಇಸಿಲ ಅನ್ನೋ ಊರಿನ ಅಧಿಕಾರಿಗಳಿಗೆ ಕಳಿಸಿದ ಆಜ್ಞೆ ಅದು. ಸುವರ್ಣಗಿರಿ ಅಂದ್ರೆ ಚಿನ್ನದ ಬೆಟ್ಟ. ಅಶೋಕನ ದಕ್ಷಿಣದ ಆಡಳಿತ ಕೇಂದ್ರದ ಹೆಸರಿನಲ್ಲೇ ಖನಿಜ ಇದೆ. ಕೊನೆಯಲ್ಲಿ ಬರೆದವನ ಹೆಸರೂ ಇದೆ, ಚಪಡ. ಲಿಪಿಕಾರ ಅನ್ನೋ ಪದವನ್ನು ಅವನು ವಾಯವ್ಯ ಭಾರತದ ಖರೋಷ್ಠಿ ಲಿಪಿಯಲ್ಲಿ ಬರೆದಿದ್ದಾನೆ. ಎಲ್ಲೋ ದೂರದಲ್ಲಿ ಅಕ್ಷರ ಕಲಿತ ಕೈ ನಮ್ಮ ಮೊಳಕಾಲ್ಮುರಿನ ಬಂಡೆಗೆ ಬಂದು ಮುಟ್ಟಿತು. ಗ್ರಾನೈಟಿನೊಳಗೆ ಇರೋದು ಬೆಣಚುಕಲ್ಲು, ಫೆಲ್ಡ್‌ಸ್ಪಾರ್, ಕಾಗೆಬಂಗಾರ. ಬೆಣಚುಕಲ್ಲಿನ ಗಡಸುತನ 7, ಫೆಲ್ಡ್‌ಸ್ಪಾರ್ 6. ಸುಮಾರು 2,250 ವರ್ಷದ ಬಿಸಿಲು ಮಳೆ ತಿಂದ ಮೇಲೂ ಆ ಅಕ್ಷರಗಳು ಉಳಿದಿರೋದಕ್ಕೆ ಆ ಗಡಸುತನವೂ ಒಂದು ಕಾರಣ.

ಆಮೇಲೆ ದುಡ್ಡಿನ ವಿಷಯ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಶಾತವಾಹನರ ಕಾಲದ ಸೀಸದ ನಾಣ್ಯಗಳು ಸಿಕ್ಕಿವೆ. ರೋಮನ್ ಬೆಳ್ಳಿ ನಾಣ್ಯಗಳೂ ಸಿಕ್ಕಿವೆ. ಸೀಸ ಮೆತ್ತಗಿನ ಲೋಹ, ಬೇಗ ಕರಗುತ್ತೆ, ಚಿಲ್ಲರೆಗೆ ಹೇಳಿ ಮಾಡಿಸಿದ ಹಾಗೆ. ಬೆಳ್ಳಿ ದೂರದ ವ್ಯಾಪಾರಕ್ಕೆ ಒಪ್ಪುವ ದುಡ್ಡು. ಒಂದೇ ಊರಿನಲ್ಲಿ ಎರಡು ಲೋಹ ಸಿಕ್ಕಿದರೆ ನನ್ನ ಬಿ.ಕಾಂ ತಲೆಗೆ ಎರಡು ಮಾರುಕಟ್ಟೆ ಕಾಣುತ್ತೆ.

ಅಲ್ಲಿಂದ ಒಂದು ದೊಡ್ಡ ಜಿಗಿತ, 1800ರ ಕಾಲಕ್ಕೆ. ಟಿಪ್ಪು ಸತ್ತ ಮೇಲೆ ಫ್ರಾನ್ಸಿಸ್ ಬುಕನನ್ ಅನ್ನೋ ವೈದ್ಯ ಈಸ್ಟ್ ಇಂಡಿಯಾ ಕಂಪನಿ ಪರವಾಗಿ ಮೈಸೂರು ಸೀಮೆಯನ್ನೆಲ್ಲ ಸುತ್ತಿ, ಏನು ಬೆಳೆಯುತ್ತೆ, ಏನು ತಯಾರಾಗುತ್ತೆ ಅಂತ ಪಟ್ಟಿ ಮಾಡಿದ. ಅವನ ಪುಸ್ತಕ ಅಚ್ಚಾಗಿದ್ದು 1807ರಲ್ಲಿ. ಅದರಲ್ಲಿ ಇದೇ ಚಿತ್ರದುರ್ಗ ಸೀಮೆಯ ಮತ್ತೋಡಿನ ಬಳೆ ತಯಾರಿಕೆ ಬರುತ್ತೆ. ಮತ್ತೋಡು ಈಗ ಹೊಸದುರ್ಗ ತಾಲ್ಲೂಕಿನಲ್ಲಿದೆ. ಅಲ್ಲಿನವರು ಗಾಜು ಮಾಡ್ತಿದ್ದಿದ್ದು ಎರಡೇ ಮುಖ್ಯ ಸಾಮಾನಿಂದ: ಪುಡಿ ಮಾಡಿದ ಬಿಳಿ ಬೆಣಚುಕಲ್ಲು, ಮತ್ತೆ ಚೌಳು.

ಚೌಳು ಅಂದ್ರೆ ಗೊತ್ತಲ್ಲ? ಬೇಸಿಗೆಯಲ್ಲಿ ತಗ್ಗು ನೆಲದ ಮೇಲೆ ಬೂದಿ ಚೆಲ್ಲಿದ ಹಾಗೆ ಬಿಳಿ ಪದರ ಏಳುತ್ತೆ. ಬೆಳೆಗೆ ಶತ್ರು. ಚೌಳು ಹಿಡಿದ ಹೊಲ ಅಂದ್ರೆ ರೈತರ ಮುಖ ಬಾಡುತ್ತೆ. ಆದ್ರೆ ಅಗಸರಿಗೆ ಅದು ಸೋಪು. ಅದರಲ್ಲಿ ಸೋಡಾ ಇರುತ್ತೆ, ಬಟ್ಟೆಯ ಜಿಡ್ಡು ಬಿಡಿಸುತ್ತೆ. ಬಳೆ ಮಾಡೋರಿಗೆ ಅದೇ ಬಂಡವಾಳ. ಬೆಣಚುಕಲ್ಲು ಒಂದನ್ನೇ ಕರಗಿಸಬೇಕಂದ್ರೆ ಸುಮಾರು 1,700 ಡಿಗ್ರಿ ಶಾಖ ಬೇಕು. ಹಳ್ಳಿಯ ಸೌದೆ ಒಲೆಯಲ್ಲಿ ಆಗದ ಮಾತು. ಸೋಡಾ ಸೇರಿಸಿದರೆ ಅದಕ್ಕಿಂತ ನೂರಾರು ಡಿಗ್ರಿ ಕಮ್ಮಿಯಲ್ಲೇ ಕರಗುತ್ತೆ. ಹೊಲದಲ್ಲಿ ನಷ್ಟ ಅನ್ನಿಸಿಕೊಂಡಿದ್ದು ಕುಲುಮೆಯಲ್ಲಿ ಲಾಭ. ಕಂದಾಯದ ಲೆಕ್ಕಕ್ಕೆ ಸಿಗದ ಬೆಲೆ ಅಂದ್ರೆ ಇದೇ.

1894ರಲ್ಲಿ ಮೈಸೂರು ಸಂಸ್ಥಾನ ತನ್ನದೇ ಭೂವಿಜ್ಞಾನ ಇಲಾಖೆ ತೆರೆಯಿತು. ಕೋಲಾರದಲ್ಲಿ ಚಿನ್ನ ಸಿಕ್ಕು ಖಜಾನೆಗೆ ರಾಯಲ್ಟಿ ಬರ್ತಿದ್ದ ಕಾಲ. ಇನ್ನೂ ಎಲ್ಲೆಲ್ಲಿ ಏನಿದೆ ನೋಡೋಣ ಅಂತ. ಅದರ ಮೊದಲ ಮುಖ್ಯಸ್ಥ ರಾಬರ್ಟ್ ಬ್ರೂಸ್ ಫೂಟ್. ನಮ್ಮ ಹಳೆಯ ಶಿಲೆಗಳಿಗೆ ಧಾರವಾಡ ಅನ್ನೋ ಹೆಸರು ಕೊಟ್ಟವರು ಇವರೇ. ಇದೇ ಫೂಟ್ ಆದಿಮಾನವರ ಕಲ್ಲಿನ ಆಯುಧಗಳನ್ನೂ ಸಾವಿರಾರು ಸಂಗ್ರಹಿಸಿದ್ದರು. ಅಂದ್ರೆ ಕಲ್ಲು ಯಾವುದು ಅಂತಲೂ ನೋಡಿದರು, ಆ ಕಲ್ಲಿಂದ ಜನ ಏನು ಮಾಡ್ಕೊಂಡ್ರು ಅಂತಲೂ ನೋಡಿದರು.

ಚಿತ್ರದುರ್ಗ ಪಟ್ಟಣದ ಹತ್ತಿರದ ಇಂಗಳದಾಳಿನಲ್ಲಿ ಇಪ್ಪತ್ತನೇ ಶತಮಾನದಲ್ಲಿ ತಾಮ್ರದ ಗಣಿ ನಡೆಯಿತು. ತಾಮ್ರದ ಅದಿರು ಚಾಲ್ಕೋಪೈರೈಟ್ ಹಿತ್ತಾಳೆ ಬಣ್ಣಕ್ಕೆ ಹೊಳೆಯುತ್ತೆ. ಅದರ ಜೊತೆಗೇ ಪೈರೈಟ್ ಅನ್ನೋದೂ ಸಿಗುತ್ತೆ, ಅದೂ ಹೊಳೆಯುತ್ತೆ. ಮೂರನೇದು ಬಂಗಾರ. ಮೂರನ್ನೂ ಬಿಡಿಸೋದು ಹೇಗೆ? ಚಾಕುವಿನಿಂದ ಗೀರಿ ನೋಡಿ. ಚಾಲ್ಕೋಪೈರೈಟ್ ಗೀರಾಗುತ್ತೆ, ಪೈರೈಟ್ ಸುಲಭಕ್ಕೆ ಆಗಲ್ಲ. ಒರೆಗೆ ಹಚ್ಚಿದರೆ ಎರಡರ ಗೆರೆಯೂ ಹಸಿರು ಬೆರೆತ ಕಪ್ಪು, ಬಂಗಾರದ ಗೆರೆ ಮಾತ್ರ ಬಂಗಾರದ ಬಣ್ಣ. ಬಡಿದರೆ ಬಂಗಾರ ಹಾಳೆಯಾಗುತ್ತೆ, ಉಳಿದೆರಡು ಪುಡಿಯಾಗ್ತವೆ. ಹತ್ತು ರೂಪಾಯಿ ಖರ್ಚಿಲ್ಲದೆ ಮುಗಿಯೋ ಪರೀಕ್ಷೆ. ಯಾರಾದ್ರೂ ಗುಡ್ಡದಲ್ಲಿ ಬಂಗಾರ ಸಿಕ್ಕಿದೆ ಅಂತ ವಾಟ್ಸಾಪಲ್ಲಿ ಫೋಟೋ ಕಳಿಸಿದರೆ ಇದನ್ನ ನೆನಪಿಟ್ಟುಕೊಳ್ಳಿ.

ಅದೇ ಸೀಮೆಯ ಮರಡಿಹಳ್ಳಿಯಲ್ಲಿ ದಿಂಬು ಪೇರಿಸಿದ ಹಾಗೆ ಕಾಣೋ ಬಂಡೆಗಳಿವೆ. ನೀರಿನಡಿ ಉಕ್ಕಿದ ಲಾವಾ ತಣ್ಣಗಾಗಿ ಆದ ಆಕಾರ, ವಯಸ್ಸು ಸುಮಾರು 250 ಕೋಟಿ ವರ್ಷ. ಅದು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ. ಬರದ ಜಿಲ್ಲೆ ಅಂತೀವಲ್ಲ, ಒಂದು ಕಾಲಕ್ಕೆ ಇಲ್ಲಿ ನೀರೇ ನೀರು.

ಇವತ್ತಿನ ಹೊಲಕ್ಕೆ ಬಂದರೂ ಖನಿಜ ಬಿಡಲ್ಲ. ಚಳ್ಳಕೆರೆಯನ್ನು ಎಣ್ಣೆ ನಗರಿ ಅಂತಾರೆ, ಶೇಂಗಾ ಎಣ್ಣೆ ಮಿಲ್ಲುಗಳಿಂದ ಬಂದ ಹೆಸರು. ಶೇಂಗಾ ಹೂ ಬಿಟ್ಟು ಊಡು ಇಳಿಯೋ ಹೊತ್ತಿಗೆ ಎಕರೆಗೆ 200 ಕೆ.ಜಿ. ಜಿಪ್ಸಂ ಹಾಕಿ ಅಂತ ಕೃಷಿ ವಿಶ್ವವಿದ್ಯಾಲಯದವರು ಹೇಳ್ತಾರೆ. ಜಿಪ್ಸಂನಲ್ಲಿ ಕ್ಯಾಲ್ಸಿಯಂ, ಗಂಧಕ ಎರಡೂ ಇದೆ. ಶೇಂಗಾ ಕಾಯಿ ಮಣ್ಣಿನೊಳಗೇ ಬೆಳೆಯೋದರಿಂದ ತನಗೆ ಬೇಕಾದ ಕ್ಯಾಲ್ಸಿಯಂ ಅನ್ನು ಸುತ್ತಲಿನ ಮಣ್ಣಿಂದ ನೇರವಾಗಿ ಹೀರುತ್ತೆ. ಸಿಗದಿದ್ರೆ ಜೊಳ್ಳು ಕಾಯಿ. ಮೋಸ್ ಏಣಿಯ ಎರಡನೇ ಮೆಟ್ಟಿಲಿನ ಕಲ್ಲು, ನಿಮ್ಮ ಕಡ್ಲೆಬೀಜದ ಚಟ್ನಿಯೊಳಗೆ ಹೀಗೆ ಬಂದು ಕೂತಿದೆ.

ಇಲ್ಲಿವರೆಗೆ ಹೇಳಿದ್ದೆಲ್ಲ ಗೆದ್ದ ಕಥೆ. ಕೈಯಲ್ಲಿ ಹಿಡಿದು, ಗೀರಿ, ಉಜ್ಜಿ, ತಟ್ಟಿ, ಸುಟ್ಟು ಕಲ್ಲಿನ ಗುಣ ಕಂಡುಕೊಂಡ ಕಥೆ. ಈಗ ಈ ಯಾವ ಪರೀಕ್ಷೆಗೂ ಸಿಗದ ಒಂದು ಖನಿಜದ ವಿಷಯ.

ಚಳ್ಳಕೆರೆ, ಮೊಳಕಾಲ್ಮುರು, ಪಕ್ಕದ ಪಾವಗಡ ಕಡೆಯವರಿಗೆ ಹೇಳೋದೇ ಬೇಡ. ಫ್ಲೋರೈಡ್. ಇಲ್ಲಿನ ನೆಲದಡಿ ಹೆಚ್ಚಾಗಿ ಗ್ರಾನೈಟ್ ಮತ್ತು ನೈಸ್ ಶಿಲೆ. ಅದರೊಳಗಿನ ಫ್ಲೋರೈಟ್, ಅಪಟೈಟ್, ಕಪ್ಪು ಕಾಗೆಬಂಗಾರದಂಥ ಖನಿಜಗಳಲ್ಲಿ ಫ್ಲೋರಿನ್ ಇರುತ್ತೆ. ನೀರು ಬಂಡೆಯ ಬಿರುಕಿನಲ್ಲಿ ಬಹಳ ಕಾಲ ನಿಂತರೆ ಅದು ಕರಗಿ ನೀರಿಗೆ ಸೇರುತ್ತೆ. ನೀರಿನಲ್ಲಿ ಸೋಡಾ ಹೆಚ್ಚಿ, ಕ್ಯಾಲ್ಸಿಯಂ ಕಮ್ಮಿಯಾದಷ್ಟೂ ಹೆಚ್ಚು ಕರಗುತ್ತೆ. ಅಂದ್ರೆ ಮೇಲೆ ಚೌಳು ಏಳಿಸೋ ಸೋಡಾಗೂ ಕೆಳಗೆ ಫ್ಲೋರೈಡ್ ಬಿಡಿಸೋ ಸೋಡಾಗೂ ನೆಂಟಸ್ತಿಕೆ ಇದೆ. ವ್ಯತ್ಯಾಸ ಏನಂದ್ರೆ, ಚೌಳು ಕಣ್ಣಿಗೆ ಕಾಣುತ್ತೆ. ಫ್ಲೋರೈಡಿಗೆ ಬಣ್ಣ ಇಲ್ಲ, ವಾಸನೆ ಇಲ್ಲ, ನೀರಿನಲ್ಲಿರೋ ಪ್ರಮಾಣದಲ್ಲಿ ರುಚಿಯೂ ಗೊತ್ತಾಗಲ್ಲ. ಕುದಿಸಿದರೆ ಹೋಗಲ್ಲ, ನೀರು ಆವಿಯಾದಷ್ಟೂ ಉಳಿದದ್ದರಲ್ಲಿ ಗಟ್ಟಿಯಾಗುತ್ತೆ.

ಕುಡಿಯೋ ನೀರಲ್ಲಿ ಲೀಟರಿಗೆ 1 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಇಲ್ಲದಿದ್ರೆ 1.5ರವರೆಗೆ ಅಂತ ನಮ್ಮ ದೇಶದ ಮಾನದಂಡ. ಅದನ್ನು ಮೀರಿದ ನೀರನ್ನು ವರ್ಷಗಟ್ಟಲೆ ಕುಡಿದರೆ ಮಕ್ಕಳ ಹಲ್ಲಿನ ಮೇಲೆ ಕಂದು ಪಟ್ಟಿ, ದೊಡ್ಡವರಿಗೆ ಮೂಳೆ ಬಿಗಿತ. ಭಾರತದಲ್ಲಿ ಇದು ವೈದ್ಯರ ವರದಿಯಲ್ಲಿ ಬಂದದ್ದು 1937ರಲ್ಲಿ, ಆಗಿನ ಮದರಾಸು ಪ್ರಾಂತ್ಯದ ನೆಲ್ಲೂರು ಜಿಲ್ಲೆಯಿಂದ. ಅದಕ್ಕೂ ಮುಂಚೆ ಉಳುವ ಎತ್ತುಗಳು ಕಾಲೆತ್ತಿ ಇಡಲಾರದೆ ಬಿಗಿದು ನಿಲ್ಲೋದನ್ನು ಅಲ್ಲಿನ ರೈತರು ಗಮನಿಸಿದ್ದರು ಅಂತ ವರದಿಗಳು ಹೇಳ್ತವೆ. ಏನೋ ಸರಿಯಿಲ್ಲ ಅಂತ ಜನರಿಗೆ ಗೊತ್ತಾಗಿತ್ತು. ಯಾವುದು ಅಂತ ಹೇಳೋಕೆ ಲ್ಯಾಬ್ ಬೇಕಾಯಿತು.

ನಮ್ಮ ಅಜ್ಜಿಯರ ಕಾಲದಲ್ಲಿ ಕುಡಿಯೋ ನೀರು ಕೆರೆಯದ್ದು, ತೆರೆದ ಬಾವಿಯದ್ದು. ಮಳೆ ನೀರು ಹೊಸದಾಗಿ ಬಂದು ಸೇರ್ತಾ ಇರೋದರಿಂದ ಅದರಲ್ಲಿ ಸಾಮಾನ್ಯವಾಗಿ ಫ್ಲೋರೈಡ್ ಕಮ್ಮಿ. ಆದರೆ ಅದರಲ್ಲಿ ಕಾಲರಾ, ನಾರುಹುಣ್ಣು ಇತ್ತು. 1970ರ ದಶಕದಿಂದ ಕೊಳವೆಬಾವಿ, ಹ್ಯಾಂಡ್ ಪಂಪ್ ಊರೂರಿಗೆ ಬಂತು. ಅದು ನಿಜಕ್ಕೂ ಜೀವ ಉಳಿಸಿತು, ಅದನ್ನು ಮರೆಯಬಾರದು. ಆದ್ರೆ ನೀರು ಕೆಳಗೆ ಹೋದಂತೆ ನಾವೂ ಬಂಡೆಯೊಳಗೆ ಆಳ ಆಳಕ್ಕೆ ಹೋದ್ವಿ. ನಾಲ್ಕು ಸಾವಿರ ವರ್ಷ ಕಲ್ಲನ್ನು ಕೈಯಲ್ಲಿ ಹಿಡಿದು ನೋಡಿದ ಜನ, ಮೊದಲ ಸಲ ಕೈಗೆ ಸಿಗದ ಕಲ್ಲಿನ ನೀರು ಕುಡಿದರು.

ಪರಿಹಾರದಲ್ಲೂ ಖನಿಜವೇ ಇದೆ. 1970ರ ದಶಕದಲ್ಲಿ ನಾಗ್ಪುರದ ನೀರಿ ಸಂಸ್ಥೆಯವರು ನಲ್ಗೊಂಡ ವಿಧಾನ ಅಂತ ಒಂದನ್ನು ರೂಪಿಸಿದರು. ಬೇಕಾಗೋದು ಪಟಿಕ ಮತ್ತು ಸುಣ್ಣ. ಲೆಕ್ಕದ ಪ್ರಮಾಣದಲ್ಲಿ ಹಾಕಿ ಕಲಕಿದರೆ ಫ್ಲೋರೈಡ್ ಗಸಿಯ ಜೊತೆ ತಳಕ್ಕೆ ಕೂರುತ್ತೆ. ಮನೆಯಲ್ಲಿ ಅಂದಾಜಿಗೆ ಮಾಡಬೇಡಿ, ಪ್ರಮಾಣ ತಪ್ಪಿದರೆ ಅಲ್ಯೂಮಿನಿಯಂ ನೀರಲ್ಲಿ ಉಳಿಯುತ್ತೆ. ಈಗ ಊರುಗಳಲ್ಲಿ ಕಾಯಿನ್ ಹಾಕಿ ಕ್ಯಾನ್ ತುಂಬೋ ಶುದ್ಧ ನೀರಿನ ಘಟಕಗಳಿವೆ. ತುಂಗಭದ್ರಾ ಹಿನ್ನೀರನ್ನು ಈ ತಾಲ್ಲೂಕುಗಳಿಗೆ ತರೋ ಯೋಜನೆಯೂ ಇದೆ. ಘಟಕದ ಮೆಂಬ್ರೇನ್ ಹಳೇದಾದ್ರೆ, ಕೆಟ್ಟು ನಿಂತರೆ, ಮತ್ತೆ ಕೊಳವೆಬಾವಿಯೇ ಗತಿ.

ಕುದಾಪುರದ ಕಡೆಗೆ ಮತ್ತೆ ಬರ್ತೀನಿ. ಈ ನೆಲದಲ್ಲಿ ಈಗ ದೇಶದ ದೊಡ್ಡ ದೊಡ್ಡ ವಿಜ್ಞಾನ ಸಂಸ್ಥೆಗಳಿವೆ. ವಿಜ್ಞಾನ ಸಂಸ್ಥೆಯ ಕ್ಯಾಂಪಸ್ಸಿನಲ್ಲಿ ಸರ್ಕಾರಿ ಶಾಲೆಯ ವಿಜ್ಞಾನ ಶಿಕ್ಷಕರಿಗೆ ಪ್ರಯೋಗ ಮಾಡಿಸಿ ಕಲಿಸೋ ಕೇಂದ್ರವಿದೆ, ಅದು ಒಳ್ಳೆ ಕೆಲಸ. ನನ್ನ ಆಸೆ ಸಣ್ಣದು. ಆ ಶಿಕ್ಷಕರ ಶಾಲೆಗಳಲ್ಲಿ ಓದೋ ಒಂದೊಂದು ಮಗುವಿಗೂ ತನ್ನ ಊರಿನ ಐದು ಕಲ್ಲಿನ ಹೆಸರು ಗೊತ್ತಿರಲಿ, ಜೊತೆಗೆ ತನ್ನ ಊರಿನ ಕೊಳವೆಬಾವಿಯ ಫ್ಲೋರೈಡ್ ಎಷ್ಟು ಅನ್ನೋ ಒಂದು ಅಂಕಿಯೂ ಗೊತ್ತಿರಲಿ. ಮೇಯುವ ನೆಲ ಬಿಟ್ಟುಕೊಟ್ಟವರಿಗೆ, ಆ ನೆಲದಡಿ ಏನಿದೆ ಅಂತ ತಿಳಿಯೋ ಹಕ್ಕಾದ್ರೂ ಸಲ್ಲಬೇಕಲ್ವಾ?

ಇದು ಕಷ್ಟದ ಕೆಲಸವೂ ಅಲ್ಲ. 2019ರಲ್ಲಿ ಶುರುವಾದ ಜಲ ಜೀವನ್ ಮಿಷನ್ ಪ್ರಕಾರ ಪ್ರತಿ ಹಳ್ಳಿಯಲ್ಲಿ ಐದು ಜನ ಮಹಿಳೆಯರಿಗೆ ನೀರು ಪರೀಕ್ಷೆಯ ಕಿಟ್ ಬಳಸೋ ತರಬೇತಿ ಕೊಡಬೇಕು. ನೀರಿಗೆ ನಾಲ್ಕು ಹನಿ ರಾಸಾಯನಿಕ ಹಾಕಿ, ಬದಲಾದ ಬಣ್ಣವನ್ನು ಚಾರ್ಟಿನ ಜೊತೆ ಹೋಲಿಸೋದು. ಯೋಚನೆ ಮಾಡಿ, ಚಿನಿವಾರ ಒರೆಗಲ್ಲಿನ ಮೇಲೆ ಬಂಗಾರದ ಗೆರೆಯ ಬಣ್ಣ ಹೋಲಿಸ್ತಾನಲ್ಲ, ಅದೇ ವಿದ್ಯೆ. ಒರೆಗಲ್ಲು ಬದಲಾಗಿದೆ ಅಷ್ಟೆ.

ಹಾಗಾಗಿ ಈ ವಾರದ ಕೆಲಸ ಇಷ್ಟು. ಈ ಕಡೆಯ ಹಳ್ಳಿಯವರಾದ್ರೆ, ಅಥವಾ ನಿಮ್ಮವರು ಊರಲ್ಲಿದ್ರೆ, ಗ್ರಾಮ ಪಂಚಾಯ್ತಿಗೆ ಹೋಗಿ ಎರಡು ಪ್ರಶ್ನೆ ಕೇಳಿ. ನಮ್ಮ ಕುಡಿಯೋ ನೀರಿನ ಕೊಳವೆಬಾವಿಯನ್ನು ಕೊನೆಯ ಸಲ ಪರೀಕ್ಷೆ ಮಾಡಿದ್ದು ಯಾವಾಗ? ಫ್ಲೋರೈಡ್ ಎಷ್ಟು ಬಂತು? ಅಂಕಿ ಕೊಟ್ಟರೆ ಬರೆದಿಟ್ಟುಕೊಳ್ಳಿ, ಮನೆಯವರಿಗೂ ಹೇಳಿ. ಕೊಡದಿದ್ರೆ ಬರವಣಿಗೆಯಲ್ಲಿ ಅರ್ಜಿ ಹಾಕಿ. ಉತ್ತರ ಬಂದರೆ ನನಗೂ ಒಂದು ವಾಯ್ಸ್ ನೋಟ್ ಕಳಿಸಿ, ಮುಂದಿನ ಸಂಚಿಕೆಯಲ್ಲಿ ಕೇಳಿಸ್ತೀನಿ.